ಚಲನೆಯ ಭ್ರಮೆ: ಪ್ರಾಯೋಗಿಕ ಕಿರುಚಿತ್ರ ಮತ್ತು ಮುಳಬಾಗಿಲಿನ ಖ್ಯಾತಿವಿಚಾರ

ಚಲನಚಿತ್ರವನ್ನು ಕುರಿತ ಕನ್ನಡ ಬರವಣಿಗೆಯಲ್ಲಿ 'ಮಾಯೆ' ಎಂಬ ಪದ ಬಹಳ ಸಲೀಸಾಗಿ ಬಳಕೆಯಾಗುತ್ತದೆ. ತೆರೆಯ ಮೇಲೆ ಕಾಣುವುದು ನಿಜವಲ್ಲ, ಆದ್ದರಿಂದ ಅದು ಮಾಯೆ ಎಂಬಲ್ಲಿಗೆ ವಿಚಾರ ನಿಂತುಬಿಡುತ್ತದೆ. ಗ್ರಹಿಕೆಯನ್ನೇ ವಸ್ತುವಾಗಿಸಿಕೊಂಡ ಪ್ರಾಯೋಗಿಕ ಕಿರುಚಿತ್ರಗಳ ಮುಂದೆ ಈ ಪದ ಸಾಲದು. ಇದಕ್ಕಿಂತ ಖಚಿತವಾದ ಪರಿಭಾಷೆಯೊಂದು ಕೋಲಾರ ಜಿಲ್ಲೆಯ ಮುಳಬಾಗಿಲಿನಲ್ಲಿಯೇ ಪಾಠವಾಗಿತ್ತು.

15ನೆಯ ಶತಮಾನದ ಶ್ರೀಪಾದರಾಜರು 'ರಂಗವಿಠಲ' ಅಂಕಿತದ ಕೀರ್ತನೆಗಳಿಂದ ಪರಿಚಿತರು. ಜಯತೀರ್ಥರ 'ನ್ಯಾಯಸುಧೆ'ಗೆ 'ವಾಗ್ವಜ್ರ'ವೆಂಬ ವ್ಯಾಖ್ಯಾನ ಬರೆದವರೂ, ವ್ಯಾಸತೀರ್ಥರಿಗೆ ಶಾಸ್ತ್ರಪಾಠ ಹೇಳಿದವರೂ ಅವರೇ ಎಂಬುದನ್ನು ಸಾಹಿತ್ಯಚರಿತ್ರೆಗಳು ಒಂದೇ ವಾಕ್ಯದಲ್ಲಿ ದಾಟಿಬಿಡುತ್ತವೆ. ಈ ಪರಂಪರೆ ಭ್ರಮೆಯನ್ನು 'ಅಭಿನವ ಅನ್ಯಥಾಖ್ಯಾತಿ' ಎಂದು ವಿವರಿಸುತ್ತದೆ. ಕಪ್ಪೆಚಿಪ್ಪು ಬೆಳ್ಳಿಯಾಗಿ ಕಂಡಾಗ ಚಿಪ್ಪು ಸತ್ಯ, ಬೇರೆಡೆಯ ಬೆಳ್ಳಿಯೂ ಸತ್ಯ. ಆದರೆ ಚಿಪ್ಪಿನಲ್ಲಿ ಕಂಡ ಬೆಳ್ಳಿ ಅಲ್ಲಿ ಸರ್ವಥಾ ಇಲ್ಲ. ಅದ್ವೈತಿಗಳು ಹೇಳುವ ಸತ್ತೂ ಅಲ್ಲದ, ಅಸತ್ತೂ ಅಲ್ಲದ ಅನಿರ್ವಚನೀಯ ಬೆಳ್ಳಿಗೆ ಇಲ್ಲಿ ಎಡೆಯಿಲ್ಲ.

ಸೆಕೆಂಡಿಗೆ 24 ಸ್ಥಿರಚಿತ್ರಗಳು ಹಾಯ್ದಾಗ ಕಣ್ಣಿಗೆ ಚಲನೆ ಕಾಣುತ್ತದೆ. ಇಂಥ ತೋರಿಕೆಯ ಚಲನೆಯನ್ನು ಮ್ಯಾಕ್ಸ್ ವರ್ತೈಮರ್ 1912ರಲ್ಲಿ ಪ್ರಯೋಗಗಳ ಮೂಲಕ ವಿವರಿಸಿದನು. ಚಿತ್ರಗಳು ಸ್ಥಿರವೆಂಬ ಅರಿವಿದ್ದರೂ ಚಲನೆ ಮಾಯವಾಗದಿರುವುದು ಗಮನಾರ್ಹ. ದಾಸವಾಳದ ಬಳಿಯಿಟ್ಟ ಸ್ಫಟಿಕ, ಬಿಳಿಯೆಂದು ತಿಳಿದ ಮೇಲೂ ಕೆಂಪಾಗಿಯೇ ಕಾಣುವಂತೆ, ಇದು ಶಾಸ್ತ್ರಕಾರರು ಹೇಳುವ 'ಸೋಪಾಧಿಕ ಭ್ರಮೆ'. ಉಪಾಧಿ ಸರಿದ ಹೊರತು ತೋರಿಕೆ ಸರಿಯದು. ಕ್ರಿಸ್ ಮಾರ್ಕರ್‌ನ 'ಲಾ ಜೆಟೇ' (1962) ಸುಮಾರು 28 ನಿಮಿಷಗಳ ಕಾಲ ಈ ಉಪಾಧಿಯನ್ನೇ ತಡೆಹಿಡಿದು ಬರಿಯ ಸ್ಥಿರಚಿತ್ರಗಳಲ್ಲಿ ಕಥೆ ಹೇಳುತ್ತದೆ. ಒಂದೆಡೆ ಮಾತ್ರ, ಮಲಗಿದ ಹೆಣ್ಣು ಕಣ್ಣು ತೆರೆಯುವಾಗ, ಚಲನೆ ಮೂಡುತ್ತದೆ. ನೋಡುಗನಿಗೆ ಆ ಕ್ಷಣದಲ್ಲಿ ತನ್ನ ನೋಟದ ಅಭ್ಯಾಸವೇ ಗೋಚರಿಸುತ್ತದೆ.

ಕನ್ನಡದ ನಿರ್ದೇಶಕರಲ್ಲಿ ಗಿರೀಶ ಕಾಸರವಳ್ಳಿಯವರ ಡಿಪ್ಲೊಮಾ ಚಿತ್ರ 'ಅವಶೇಷ' (1975) ರಾಷ್ಟ್ರಪ್ರಶಸ್ತಿ ಪಡೆಯಿತು. ಆದರೆ ವಿಮರ್ಶೆ ಹೆಚ್ಚಾಗಿ ಮಾತನಾಡಿದ್ದು 'ಘಟಶ್ರಾದ್ಧ'ದಿಂದ (1977) ಆರಂಭವಾದ ಅವರ ಕಥಾಚಿತ್ರಗಳನ್ನು ಕುರಿತು.

ಮುಳಬಾಗಿಲಿನ ಪರಿಭಾಷೆಯೂ ಎಲ್ಲೆಡೆ ಸಲೀಸಾಗಿ ಹೊಂದುವುದಿಲ್ಲ. ಟೋನಿ ಕಾನ್ರಾಡ್‌ನ 'ದಿ ಫ್ಲಿಕರ್' (1966) ಚಿತ್ರದ ಬಹುಭಾಗ ಕಪ್ಪು ಮತ್ತು ಬಿಳಿ ಚೌಕಟ್ಟುಗಳ ಮಿನುಗಾಟವಷ್ಟೆ. ಆದರೂ ಅನೇಕರಿಗೆ ಬಣ್ಣಗಳು ಕಾಣುತ್ತವೆ. ಚಿಪ್ಪಿಗೂ ಬೆಳ್ಳಿಗೂ ಹೊಳಪಿನ ಸಾದೃಶ್ಯವಿದೆ, ಕಪ್ಪು-ಬಿಳುಪಿಗೂ ಬಣ್ಣಕ್ಕೂ ಅದಿಲ್ಲ. ಇಲ್ಲಿ ಸಾದೃಶ್ಯವನ್ನು ಬಿಟ್ಟು ಇಂದ್ರಿಯದೋಷವನ್ನೇ ಕಾರಣವಾಗಿ ಹೇಳಬೇಕಾಗುತ್ತದೆ; ಆದರೆ ಆ 'ದೋಷ' ಆರೋಗ್ಯವಂತರ ಕಣ್ಣಿನಲ್ಲಿಯೂ ಇದೆ.