ಸ್ತನ ಕ್ಯಾನ್ಸರ್ : ಅಪಾಯಾಂಶಗಳ ಅರ್ಥ ಮತ್ತು ಮಿತಿ

ಸ್ತನ ಕ್ಯಾನ್ಸರನ್ನು ಕುರಿತ ವೈದ್ಯಕೀಯ ಬರಹಗಳಲ್ಲಿ ‘ಅಪಾಯಾಂಶ’ ಎಂಬ ಪದ ಮತ್ತೆ ಮತ್ತೆ ಬರುತ್ತದೆ. ಅದನ್ನು ‘ಕಾರಣ’ ಎಂಬುದರ ಪರ್ಯಾಯ ಪದವೆಂದು ತಿಳಿಯುವವರೇ ಹೆಚ್ಚು. ವಾಸ್ತವವಾಗಿ ಇವೆರಡರ ನಡುವೆ ದೊಡ್ಡ ಅಂತರವಿದೆ. ಕಾಲರಾ ರೋಗಕ್ಕೆ ನಿರ್ದಿಷ್ಟವಾದ ಒಂದು ಬ್ಯಾಕ್ಟೀರಿಯಾ ಕಾರಣ. ಗರ್ಭಕೊರಳಿನ ಕ್ಯಾನ್ಸರಿನ ಬಹುತೇಕ ಪ್ರಕರಣಗಳ ಹಿಂದೆ ಒಂದು ವೈರಸ್ ಗುಂಪಿನ ಸೋಂಕು ಇದೆ. ಸ್ತನ ಕ್ಯಾನ್ಸರಿಗೆ ಸಂಬಂಧಿಸಿದಂತೆ ಇಂತಹ ಏಕಮೇವ ಕಾರಣ ದೊರೆತಿಲ್ಲ. ದೊರೆತಿರುವುದು ಸಂಭವನೀಯತೆಯ ಲೆಕ್ಕಗಳು ಮಾತ್ರ. ಒಂದು ಲಕ್ಷಣವುಳ್ಳ ಸಾವಿರಾರು ಸ್ತ್ರೀಯರಲ್ಲಿ, ಆ ಲಕ್ಷಣವಿಲ್ಲದ ಸಾವಿರಾರು ಸ್ತ್ರೀಯರಿಗಿಂತ ರೋಗ ಹೆಚ್ಚಾಗಿ ಕಾಣಿಸಿಕೊಂಡರೆ ಆ ಲಕ್ಷಣವನ್ನು ಅಪಾಯಾಂಶವೆನ್ನಲಾಗುತ್ತದೆ. ಅವರಲ್ಲಿ ಯಾರಿಗೆ ರೋಗ ಬರುವುದು, ಯಾರಿಗೆ ಬಾರದು ಎಂಬುದನ್ನು ಆ ಲೆಕ್ಕ ಹೇಳಲಾರದು. ಈ ಭೇದವನ್ನು ಮರೆತಾಗ ಸಮೂಹದ ಅಂಕಿಅಂಶ ವ್ಯಕ್ತಿಯ ಮೇಲಿನ ಆರೋಪವಾಗಿ ಬಿಡುತ್ತದೆ.

ಈ ಲೆಕ್ಕಗಳ ಚರಿತ್ರೆ ಸ್ವಾರಸ್ಯಕರವಾದುದು. 18ನೆಯ ಶತಮಾನದ ಆರಂಭದಲ್ಲಿ ಇಟಲಿಯ ವೈದ್ಯ ಬರ್ನಾರ್ಡಿನೊ ರಾಮಜ್ಜೀನಿ, ಕ್ರೈಸ್ತ ಸನ್ಯಾಸಿನಿಯರಲ್ಲಿ ಸ್ತನದ ಗಡ್ಡೆಗಳು ಇತರ ಸ್ತ್ರೀಯರಿಗಿಂತ ಹೆಚ್ಚೆಂದು ಗುರುತಿಸಿ, ಅದನ್ನು ಅವರ ಬ್ರಹ್ಮಚರ್ಯದೊಡನೆ ಜೋಡಿಸಿದ. ಕಂಡದ್ದು ಸರಿಯಾಗಿತ್ತು. ಅದರ ವಿವರಣೆಗೆ ಬೇಕಾದ ಶರೀರವಿಜ್ಞಾನ ಆಗ ಇರಲಿಲ್ಲ. 1896ರಲ್ಲಿ ಗ್ಲಾಸ್ಗೋ ನಗರದ ಶಸ್ತ್ರವೈದ್ಯ ಜಾರ್ಜ್ ಬೀಟ್ಸನ್, ಉಲ್ಬಣಿಸಿದ ಸ್ತನ ಕ್ಯಾನ್ಸರಿನ ರೋಗಿಗಳ ಅಂಡಾಶಯಗಳನ್ನು ತೆಗೆದುಹಾಕಿದಾಗ ಗಡ್ಡೆ ಕುಗ್ಗಿದ ಪ್ರಕರಣಗಳನ್ನು ಪ್ರಕಟಿಸಿದ. ಅಂಡಾಶಯ ತೆಗೆದ ಹಸು ದೀರ್ಘಕಾಲ ಹಾಲು ಕೊಡುತ್ತದೆಂಬ ಪಶುಪಾಲಕರ ಅನುಭವವೂ ಅವನ ಆಲೋಚನೆಗೆ ಇಂಬು ಕೊಟ್ಟಿತ್ತು. ಈಸ್ಟ್ರೋಜೆನ್ ಎಂಬ ಹಾರ್ಮೋನನ್ನು ಬೇರ್ಪಡಿಸಿದ್ದು ಇದಾಗಿ ಮೂರು ದಶಕಗಳ ಮೇಲೆ. ವಿವರಣೆಗಿಂತ ವೀಕ್ಷಣೆ ಮುಂದೆ ಸಾಗಿದ್ದಕ್ಕೆ ಇದೊಂದು ಒಳ್ಳೆಯ ನಿದರ್ಶನ.

ಕ್ರಮಬದ್ಧ ಅಧ್ಯಯನಕ್ಕೆ ತಳಹದಿ ಹಾಕಿದವರು ಬ್ರಿಟನ್ನಿನ ವೈದ್ಯೆ ಜಾನೆಟ್ ಲೇನ್-ಕ್ಲೇಪನ್. 1926ರ ವರದಿಯಲ್ಲಿ ಅವರು ಸ್ತನ ಕ್ಯಾನ್ಸರಿನ ಸುಮಾರು 500 ರೋಗಿಗಳನ್ನೂ ಆ ರೋಗವಿಲ್ಲದ ಅಷ್ಟೇ ಸಂಖ್ಯೆಯ ಸ್ತ್ರೀಯರನ್ನೂ ಒಂದೇ ಪ್ರಶ್ನಾವಳಿಯ ಮೂಲಕ ವಿಚಾರಿಸಿ ಹೋಲಿಸಿದರು. ರೋಗಿಗಳನ್ನು ರೋಗವಿಲ್ಲದವರೊಡನೆ ಹೋಲಿಸುವ ಈ ವಿಧಾನ ಮುಂದೆ ಧೂಮಪಾನ ಮತ್ತು ಶ್ವಾಸಕೋಶದ ಕ್ಯಾನ್ಸರಿನ ನಂಟನ್ನು ಬಯಲಿಗೆಳೆಯುವುದಕ್ಕೂ ಒದಗಿತು. ಆದರೂ ಲೇನ್-ಕ್ಲೇಪನ್ ಅವರ ಹೆಸರು ವೈದ್ಯಕೀಯ ಚರಿತ್ರೆಯಲ್ಲಿ ಬಹುಕಾಲ ಮರೆಯಲ್ಲೇ ಉಳಿಯಿತು. 1970ರಲ್ಲಿ ಬ್ರಯನ್ ಮೆಕ್‌ಮಾನ್ ಮತ್ತು ಸಂಗಡಿಗರು ಹಲವು ದೇಶಗಳ ಸ್ತ್ರೀಯರ ಅಧ್ಯಯನದಿಂದ ಮತ್ತೊಂದು ಸೂಕ್ಷ್ಮವನ್ನು ಹೊರತಂದರು : ಮಕ್ಕಳ ಸಂಖ್ಯೆಯಷ್ಟೇ ಅಲ್ಲ, ಚೊಚ್ಚಲ ಹೆರಿಗೆಯ ವಯಸ್ಸೂ ಮುಖ್ಯ.

ಇವುಗಳನ್ನೆಲ್ಲ ಪೋಣಿಸುವ ಸೂತ್ರ ಹಾರ್ಮೋನುಗಳದು. ಸ್ತನದ ಹಾಲಿನ ನಾಳಗಳ ಒಳಪದರದ ಜೀವಕೋಶಗಳು ಪ್ರತಿ ಋತುಚಕ್ರದಲ್ಲೂ ಈಸ್ಟ್ರೋಜೆನ್ ಮತ್ತು ಪ್ರೊಜೆಸ್ಟರೋನ್‌ಗಳ ಪ್ರಭಾವಕ್ಕೆ ಒಳಗಾಗಿ ವಿಭಜಿಸುತ್ತವೆ. ವಿಭಜನೆ ಹೆಚ್ಚಿದಂತೆ ವಂಶವಾಹಿಗಳ ನಕಲಿನಲ್ಲಿ ತಪ್ಪು ನುಸುಳುವ ಅವಕಾಶವೂ ಹೆಚ್ಚುತ್ತದೆ. ಆದುದರಿಂದಲೇ ಬೇಗ ಋತುಮತಿಯಾಗುವುದು, ಮುಟ್ಟು ತಡವಾಗಿ ನಿಲ್ಲುವುದು ಅಪಾಯವನ್ನು ತುಸು ಹೆಚ್ಚಿಸುತ್ತವೆ. ಗರ್ಭಧಾರಣೆ ಮತ್ತು ಸ್ತನ್ಯಪಾನಗಳಿಂದ ಆ ಜೀವಕೋಶಗಳು ಪಕ್ವಗೊಂಡು ದೀರ್ಘಕಾಲದಲ್ಲಿ ಅಪಾಯ ತಗ್ಗುತ್ತದೆ. ಹೆರಿಗೆಯಾದ ಮೊದಲ ಕೆಲವು ವರ್ಷಗಳಲ್ಲಿ ಮಾತ್ರ ಅಪಾಯ ಸ್ವಲ್ಪ ಏರಿರುತ್ತದೆ. 2002ರಲ್ಲಿ ಪ್ರಕಟವಾದ, 30 ದೇಶಗಳ 47 ಅಧ್ಯಯನಗಳ ಸಮಗ್ರ ವಿಶ್ಲೇಷಣೆಯ ಪ್ರಕಾರ ಪ್ರತಿ ಹೆರಿಗೆಗೆ ಶೇ. 7ರಷ್ಟು, ಅದರ ಜೊತೆಗೆ ಎದೆಹಾಲುಣಿಸಿದ ಪ್ರತಿ 12 ತಿಂಗಳಿಗೆ ಶೇ. 4.3ರಷ್ಟು ಸಾಪೇಕ್ಷ ಅಪಾಯ ಇಳಿಯುತ್ತದೆ.

‘ಸಾಪೇಕ್ಷ’ ಎಂಬ ವಿಶೇಷಣವನ್ನು ಇಲ್ಲಿ ಅಲಕ್ಷಿಸುವಂತಿಲ್ಲ. ಅದೇ ವರ್ಷ, ಮುಟ್ಟು ನಿಂತ ಸ್ತ್ರೀಯರಿಗೆ ಈಸ್ಟ್ರೋಜೆನ್ ಮತ್ತು ಪ್ರೊಜೆಸ್ಟಿನ್‌ಗಳನ್ನು ಒಟ್ಟಾಗಿ ಕೊಡುತ್ತಿದ್ದ ಅಮೆರಿಕದ ಬೃಹತ್ ಪ್ರಯೋಗವೊಂದನ್ನು ಅವಧಿಗೆ ಮುನ್ನವೇ ನಿಲ್ಲಿಸಲಾಯಿತು. ಸ್ತನ ಕ್ಯಾನ್ಸರ್ ಶೇ. 26ರಷ್ಟು ಹೆಚ್ಚಿದೆ ಎಂಬ ಸುದ್ದಿ ಲೋಕವನ್ನೇ ಬೆಚ್ಚಿಬೀಳಿಸಿತು. ಅದೇ ಫಲಿತಾಂಶವನ್ನು ಬೇರೊಂದು ರೀತಿಯಲ್ಲಿ ಹೇಳಬಹುದು : ಔಷಧಿ ಸೇವಿಸದ 10,000 ಸ್ತ್ರೀಯರಲ್ಲಿ ವರ್ಷಕ್ಕೆ 30 ಮಂದಿಗೆ ರೋಗ ಬಂದರೆ, ಸೇವಿಸಿದ 10,000 ಸ್ತ್ರೀಯರಲ್ಲಿ 38 ಮಂದಿಗೆ ಬಂದಿತು. ಎರಡೂ ಹೇಳಿಕೆಗಳು ಸತ್ಯವೇ. ಮೊದಲನೆಯದು ಭಯ ಹುಟ್ಟಿಸುತ್ತದೆ, ಎರಡನೆಯದು ತೀರ್ಮಾನಕ್ಕೆ ನೆರವಾಗುತ್ತದೆ. ಕನ್ನಡದ ಆರೋಗ್ಯ ಬರವಣಿಗೆಯಲ್ಲಿ ಮೊದಲನೆಯ ಬಗೆಯ ಅಂಕಿಗಳೇ ಹೆಚ್ಚಾಗಿ ಬಳಕೆಯಾಗುತ್ತಿರುವುದು ಒಂದು ಕೊರತೆಯೆಂದೇ ಹೇಳಬೇಕು.

ಆನುವಂಶಿಕತೆಯ ವಿಷಯ ಇದಕ್ಕಿಂತ ಭಿನ್ನ. 1990ರಲ್ಲಿ ಮೇರಿ-ಕ್ಲೇರ್ ಕಿಂಗ್ ಅವರು, ಕೆಲವು ಕುಟುಂಬಗಳಲ್ಲಿ ಪೀಳಿಗೆಯಿಂದ ಪೀಳಿಗೆಗೆ ಬರುವ ಸ್ತನ ಕ್ಯಾನ್ಸರಿನ ಮೂಲ 17ನೆಯ ವರ್ಣತಂತುವಿನಲ್ಲಿದೆಯೆಂದು ತೋರಿಸಿದರು. ಬಿ.ಆರ್.ಸಿ.ಎ.-1 ಎಂಬ ಆ ವಂಶವಾಹಿಯನ್ನು 1994ರಲ್ಲಿ ಬೇರ್ಪಡಿಸಲಾಯಿತು. 13ನೆಯ ವರ್ಣತಂತುವಿನ ಬಿ.ಆರ್.ಸಿ.ಎ.-2 ಮರುವರ್ಷ ದೊರೆಯಿತು. ಮುರಿದ ಡಿ.ಎನ್.ಎ.ಯನ್ನು ದುರಸ್ತಿಪಡಿಸುವುದು ಇವುಗಳ ಕೆಲಸ. ಇವುಗಳಲ್ಲಿ ಹಾನಿಕಾರಕ ಉತ್ಪರಿವರ್ತನೆಯನ್ನು ಹೊತ್ತ ಸ್ತ್ರೀಯರಲ್ಲಿ 80 ವರ್ಷ ವಯಸ್ಸಿನೊಳಗೆ ಸುಮಾರು ಶೇ. 70ರಷ್ಟು ಮಂದಿಗೆ ಸ್ತನ ಕ್ಯಾನ್ಸರ್ ಬರುವುದೆಂದು 2017ರ ಅಧ್ಯಯನವೊಂದು ಅಂದಾಜಿಸಿದೆ. ಈ ಉತ್ಪರಿವರ್ತನೆ ತಾಯಿಯಿಂದ ಬರುವಂತೆಯೇ ತಂದೆಯಿಂದಲೂ ಬರಬಹುದು. ಕುಟುಂಬದ ಇತಿಹಾಸವನ್ನು ಕೇಳುವಾಗ ತಂದೆಯ ಕಡೆಯ ಅತ್ತೆಯರು, ಅಜ್ಜಿಯರು ಬಿಟ್ಟುಹೋಗುವುದು ಸಾಮಾನ್ಯವಾದರೂ ಅದು ದೋಷವೇ ಸರಿ. ಆದರೆ ಒಟ್ಟು ಸ್ತನ ಕ್ಯಾನ್ಸರ್‌ಗಳಲ್ಲಿ ಹೀಗೆ ವಂಶದಿಂದ ಬರುವವು ಶೇ. 5ರಿಂದ 10ರಷ್ಟು ಮಾತ್ರ. ‘ನಮ್ಮ ಮನೆತನದಲ್ಲಿ ಯಾರಿಗೂ ಇಲ್ಲ’ ಎಂಬ ನೆಮ್ಮದಿಗೆ ಆಧಾರ ಸಾಲದು.

ಉಳಿದ ಅಂಶಗಳನ್ನು ಸಂಕ್ಷೇಪವಾಗಿ ಹೇಳಬಹುದು. ಮದ್ಯಪಾನ ಅಲ್ಪ ಪ್ರಮಾಣದಲ್ಲಿದ್ದರೂ ಅಪಾಯವನ್ನು ಹೆಚ್ಚಿಸುತ್ತದೆ. ಮುಟ್ಟು ನಿಂತ ಮೇಲೆ ಕೊಬ್ಬಿನ ಅಂಗಾಂಶವೇ ಈಸ್ಟ್ರೋಜೆನ್ ತಯಾರಿಸುವ ಪ್ರಮುಖ ತಾಣವಾಗುವುದರಿಂದ ಆ ವಯಸ್ಸಿನ ಬೊಜ್ಜು ಅಪಾಯಕರ. ಎಳೆಯ ವಯಸ್ಸಿನಲ್ಲಿ ಎದೆಯ ಭಾಗಕ್ಕೆ ತಗಲಿದ ವಿಕಿರಣದ ಪರಿಣಾಮ ದಶಕಗಳ ನಂತರ ಕಾಣಿಸಿಕೊಳ್ಳುತ್ತದೆಂಬುದಕ್ಕೆ ಹಿರೋಶಿಮಾ, ನಾಗಾಸಾಕಿಗಳಲ್ಲಿ ಬದುಕುಳಿದವರ ಅಧ್ಯಯನಗಳು ಸಾಕ್ಷಿ. ಪೆಟ್ಟು ಬಿದ್ದುದರಿಂದ, ಬಿಗಿಯಾದ ಒಳಉಡುಪಿನಿಂದ ಈ ರೋಗ ಬರುತ್ತದೆಂಬುದಕ್ಕೆ ಆಧಾರವಿಲ್ಲ. ಇದು ಅಂಟುರೋಗವೂ ಅಲ್ಲ.

ಇಷ್ಟೆಲ್ಲ ಪಟ್ಟಿ ಮಾಡಿದ ಮೇಲೂ ಉಳಿಯುವ ಸತ್ಯವೊಂದಿದೆ. ವಿಶ್ವ ಆರೋಗ್ಯ ಸಂಸ್ಥೆಯ ಪ್ರಕಾರ ಸ್ತನ ಕ್ಯಾನ್ಸರಿಗೆ ತುತ್ತಾದವರಲ್ಲಿ ಸುಮಾರು ಅರ್ಧದಷ್ಟು ಸ್ತ್ರೀಯರಿಗೆ ಹೆಣ್ಣಾಗಿರುವುದು ಮತ್ತು 40 ವರ್ಷ ದಾಟಿರುವುದನ್ನು ಬಿಟ್ಟರೆ ಬೇರಾವ ನಿರ್ದಿಷ್ಟ ಅಪಾಯಾಂಶವೂ ಇರುವುದಿಲ್ಲ. ರೋಗಿಗಳಲ್ಲಿ ಶೇ. 0.5ರಿಂದ 1ರಷ್ಟು ಮಂದಿ ಪುರುಷರೂ ಇದ್ದಾರೆ. ಮಕ್ಕಳನ್ನು ಹೆತ್ತು, ವರ್ಷಗಟ್ಟಲೆ ಹಾಲುಣಿಸಿದ ಗೃಹಿಣಿಗೂ ರೋಗ ಬರುತ್ತದೆ. ಮದುವೆಯೇ ಆಗದವಳು ಮುಪ್ಪಿನವರೆಗೆ ಆರೋಗ್ಯವಾಗಿರುತ್ತಾಳೆ. ಮಕ್ಕಳಿಲ್ಲದವಳಿಗೆ ರೋಗ ಬಂದಾಗ ಅದನ್ನು ಬಂಜೆತನದ ಫಲವೆಂದು ಆಡಿಕೊಳ್ಳುವವರ ಮಾತಿಗೆ ವಿಜ್ಞಾನದ ಬೆಂಬಲವಿಲ್ಲ. ಆ ಮಾತಿನ ಭಯದಿಂದ ಗಂಟನ್ನು ಬಚ್ಚಿಟ್ಟುಕೊಂಡ ತಿಂಗಳುಗಳ ಬೆಲೆಯನ್ನು ಮಾತ್ರ ರೋಗಿಯೇ ತೆರಬೇಕಾಗುತ್ತದೆ.

ಭಾರತೀಯ ಸಂದರ್ಭದಲ್ಲಿ ಇದು ವಿಶೇಷವಾಗಿ ಚಿಂತಿಸಬೇಕಾದ ಸಂಗತಿ. ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿಯ ಯೋಜನೆಯಡಿ ಬೆಂಗಳೂರು, ಮುಂಬಯಿ, ಚೆನ್ನೈಗಳಲ್ಲಿ 1982ರಿಂದ ಕ್ಯಾನ್ಸರ್ ನೋಂದಣಿ ನಡೆದಿದೆ. ಬೆಂಗಳೂರಿನ ನೋಂದಣಿಯ ನೆಲೆ ಕಿದ್ವಾಯಿ ಸ್ಮಾರಕ ಸಂಸ್ಥೆ. ನೋಂದಣಿ ಆರಂಭವಾದಾಗ ಬೆಂಗಳೂರಿನ ಸ್ತ್ರೀಯರಲ್ಲಿ ಗರ್ಭಕೊರಳಿನ ಕ್ಯಾನ್ಸರೇ ಮೊದಲ ಸ್ಥಾನದಲ್ಲಿತ್ತು. ಕಾಲಕ್ರಮೇಣ ಆ ಸ್ಥಾನಕ್ಕೆ ಸ್ತನ ಕ್ಯಾನ್ಸರ್ ಬಂದಿತು. ತಡವಾದ ಮದುವೆ, ಕಡಿಮೆ ಮಕ್ಕಳು, ಬದಲಾದ ಆಹಾರ, ಹೆಚ್ಚಿದ ಆಯುಷ್ಯ ಇವೆಲ್ಲವೂ ಇದರ ಹಿಂದಿವೆ. 2022ರಲ್ಲಿ ದೇಶದಲ್ಲಿ ಸುಮಾರು 1,92,000 ಹೊಸ ಪ್ರಕರಣಗಳೂ ಸುಮಾರು 98,000 ಸಾವುಗಳೂ ಸಂಭವಿಸಿದವೆಂದು ಅಂತರರಾಷ್ಟ್ರೀಯ ಅಂದಾಜು ತಿಳಿಸುತ್ತದೆ. ಅದೇ ವರ್ಷ ಇಡೀ ಜಗತ್ತಿನಲ್ಲಿ ಸುಮಾರು 23 ಲಕ್ಷ ಪ್ರಕರಣಗಳಿಗೆ 6,70,000 ಸಾವುಗಳು. ಭಾರತದ ಅನುಪಾತ ಅರ್ಧಕ್ಕೆ ಸಮೀಪ, ಜಗತ್ತಿನದು ಮೂರನೆಯ ಒಂದು ಭಾಗಕ್ಕಿಂತ ಕಡಿಮೆ. ಈ ವ್ಯತ್ಯಾಸವನ್ನು ಅಪಾಯಾಂಶಗಳು ವಿವರಿಸಲಾರವು. ರೋಗ ಮುಂದುವರಿದ ಹಂತದಲ್ಲಿ ಆಸ್ಪತ್ರೆಗೆ ಬರುವುದು, ಅರ್ಧಕ್ಕೆ ಬಿಟ್ಟ ಚಿಕಿತ್ಸೆ, ದೂರ, ವೆಚ್ಚ ಇವು ವಿವರಿಸುತ್ತವೆ.

ಹಾಗಾದರೆ ಬೇಗ ಪತ್ತೆಹಚ್ಚುವುದು ಹೇಗೆ? ಎಲ್ಲ ಸ್ತ್ರೀಯರಿಗೂ ನಿಯತವಾಗಿ ಮ್ಯಾಮೊಗ್ರಫಿ ಮಾಡಿಸುವ ಶಕ್ತಿ ಈ ದೇಶದ ಆರೋಗ್ಯ ವ್ಯವಸ್ಥೆಗಿಲ್ಲ. ಮುಂಬಯಿಯ ಟಾಟಾ ಸ್ಮಾರಕ ಕೇಂದ್ರದ ಸಂಶೋಧಕರು 1998ರಲ್ಲಿ ಆರಂಭಿಸಿದ ಪ್ರಯೋಗವೊಂದು ಬೇರೊಂದು ದಾರಿಯನ್ನು ಪರೀಕ್ಷಿಸಿತು. 35ರಿಂದ 64 ವರ್ಷದೊಳಗಿನ ಒಂದೂವರೆ ಲಕ್ಷ ಸ್ತ್ರೀಯರನ್ನು ಎರಡು ಗುಂಪಾಗಿಸಿ, ಒಂದು ಗುಂಪಿನವರ ಸ್ತನಗಳನ್ನು ತರಬೇತಿ ಪಡೆದ ಆರೋಗ್ಯ ಕಾರ್ಯಕರ್ತೆಯರು ಎರಡು ವರ್ಷಕ್ಕೊಮ್ಮೆ ಕೈಯಿಂದ ಮುಟ್ಟಿ ಪರೀಕ್ಷಿಸಿದರು. ಯಂತ್ರದ ಅಗತ್ಯವಿರಲಿಲ್ಲ. 2021ರಲ್ಲಿ ಪ್ರಕಟವಾದ ಫಲಿತಾಂಶದಂತೆ ಈ ಗುಂಪಿನಲ್ಲಿ ರೋಗ ಹೆಚ್ಚು ಆರಂಭಿಕ ಹಂತದಲ್ಲಿ ಪತ್ತೆಯಾಯಿತು. ಎಲ್ಲ ವಯಸ್ಸಿನವರನ್ನು ಒಟ್ಟಾಗಿ ಪರಿಗಣಿಸಿದಾಗ ಸಾವಿನಲ್ಲಿ ಕಂಡ ಶೇ. 15ರ ಇಳಿಕೆ ಸಂಖ್ಯಾಶಾಸ್ತ್ರದ ದೃಷ್ಟಿಯಿಂದ ಖಚಿತವಲ್ಲ. 50 ವರ್ಷ ತುಂಬಿದವರಲ್ಲಿ ಮಾತ್ರ ಸುಮಾರು ಶೇ. 30ರಷ್ಟು ಇಳಿಕೆ ಖಚಿತವಾಗಿ ಕಂಡುಬಂದಿತು. ಅದಕ್ಕಿಂತ ಕಿರಿಯರಲ್ಲಿ ಆ ಪ್ರಯೋಜನ ಸಿದ್ಧಪಡಲಿಲ್ಲ. ಅವರ ಮಟ್ಟಿಗೆ ನೋವಿಲ್ಲದ ಗಂಟು, ಒಳಕ್ಕೆ ಸೆಳೆದುಕೊಂಡ ತೊಟ್ಟು, ಕಿತ್ತಳೆ ಸಿಪ್ಪೆಯಂತಾದ ಚರ್ಮ, ತೊಟ್ಟಿನಿಂದ ಒಸರುವ ರಕ್ತ ಇವುಗಳನ್ನು ಕಂಡೊಡನೆ ವೈದ್ಯರಲ್ಲಿಗೆ ಹೋಗುವುದೇ ಇಂದಿಗೂ ಮುಖ್ಯ ಮಾರ್ಗವಾಗಿ ಉಳಿದಿದೆ.