ನಿಮಗಿದು ಗೊತ್ತೆ? ತುಂಗಭದ್ರಾ: ಒಂದು ಹೆಸರಲ್ಲಿ ಇಬ್ಬರು

ಹೆಣ್ಣುಮಗುವಿಗೆ 'ತುಂಗಭದ್ರಾ' ಎಂದು ಹೆಸರಿಟ್ಟರೆ ಎರಡು ನದಿಗಳನ್ನು ಒಟ್ಟಿಗೆ ತೊಟ್ಟಿಲಿಗೆ ಹಾಕಿದಂತೆ. 'ತುಂಗ' ಎಂದರೆ ಎತ್ತರವಾದದ್ದು, ಉನ್ನತವಾದದ್ದು. 'ಭದ್ರ' ಎಂದರೆ ಸಂಸ್ಕೃತದಲ್ಲಿ ಮಂಗಳ, ಶುಭ. ಬಾಗಿಲು ಭದ್ರವಾಗಿದೆಯೇ ಎಂದು ನಾವು ಕೇಳುವಾಗಿನ 'ಗಟ್ಟಿ' ಎಂಬ ಅರ್ಥ ಕನ್ನಡದ ದಿನಬಳಕೆಯಲ್ಲಿ ಬೇರೂರಿದ್ದು. ಸುಭದ್ರೆಯ ಹೆಸರಿನಲ್ಲಿರುವುದು ಮಂಗಳ ಎಂಬ ಅರ್ಥದ 'ಭದ್ರ'ವೇ.

ಎರಡೂ ನದಿಗಳು ಪಶ್ಚಿಮ ಘಟ್ಟದ ಗಂಗಾಮೂಲದಲ್ಲಿ ಹುಟ್ಟುತ್ತವೆ. ವರಾಹಸ್ವಾಮಿಯ ಕೋರೆದಾಡೆಗಳಿಂದ ಇಳಿದವೆಂಬುದು ಪುರಾಣದ ಮಾತು. ಒಡಹುಟ್ಟಿದವರಾದರೂ ದಾರಿ ಬೇರೆ. ತುಂಗೆ ಶೃಂಗೇರಿ, ತೀರ್ಥಹಳ್ಳಿ ಹಾದು ಶಿವಮೊಗ್ಗಕ್ಕೆ ಬರುತ್ತಾಳೆ. ಭದ್ರೆ ಕಳಸ, ಲಕ್ಕವಳ್ಳಿ ದಾಟಿ ಭದ್ರಾವತಿಗೆ. ಹಿಂದೆ ಬೆಂಕಿಪುರ ಎನಿಸಿಕೊಂಡಿದ್ದ ಆ ಊರಿಗೆ ಈಗಿನ ಹೆಸರು ಕೊಟ್ಟವಳು ಈ ನದಿಯೇ.

ಶಿವಮೊಗ್ಗದಿಂದ ಸುಮಾರು 15 ಕಿ.ಮೀ. ದೂರದ ಕೂಡ್ಲಿಯಲ್ಲಿ ಇಬ್ಬರೂ ಸೇರುತ್ತಾರೆ. ಕೂಡುವ ಜಾಗವೇ ಕೂಡ್ಲಿ, ಎಷ್ಟು ಸರಳವಾದ ಹೆಸರು! ನೀರು ಕೂಡುವ ಕಡೆ ಪುಟ್ಟ ಗುಡಿ, ಅಲ್ಲೊಂದು ನಂದಿ. ಮೆಟ್ಟಿಲ ಮೇಲೆ ಕೂತು ನೋಡಿದರೆ ಎಡಕ್ಕೊಂದು, ಬಲಕ್ಕೊಂದು ನದಿ, ಮುಂದೆ ಒಂದೇ.

ಬರೆಯುವಾಗ ನಡುವೆ ಅಡ್ಡಗೆರೆ ಬೇಕೆ? ನದಿಗಳನ್ನು ಬೇರೆಬೇರೆಯಾಗಿ ನೆನೆಯುವಾಗ 'ತುಂಗಾ-ಭದ್ರಾ' ಎಂದು ಬರೆಯುವುದು ಸರಿಯೇ. ಮಗಳ ಹೆಸರಿಗೆ ಮಾತ್ರ ಗೆರೆ ಬೇಡ, ಕೂಡ್ಲಿಯಲ್ಲಿ ಅದು ಆಗಲೇ ಅಳಿಸಿಹೋಗಿದೆ. ಅವಳಿ ಹೆಣ್ಣುಮಕ್ಕಳಾದರೆ ಒಬ್ಬಳು ತುಂಗಾ, ಇನ್ನೊಬ್ಬಳು ಭದ್ರಾ ಎಂದು ಕರೆಯುವುದೂ ಉಂಟು.

ಈ ಜೋಡಿಹೆಸರಿನ ಹೊಳೆಗೆ ಹಳೆಯ ಹೆಸರು ಪಂಪಾ. ಹಂಪಿ ಎಂಬ ಹೆಸರು ಬಂದದ್ದೂ ಅದರಿಂದಲೇ.