ಬೂದಿಗೆರೆಯವರ ದೊಡ್ಡಾಸ್ಪತ್ರೆ

ಬೂದಿಗೆರೆಯ ಸುತ್ತಮುತ್ತ ಈಗ ಮೆಡಿಕಲ್ ಕಾಲೇಜುಗಳಿಗೆ ಬರವಿಲ್ಲ. ಹೊಸಕೋಟೆ ದಾಟಿದರೆ ದಂಡುಪಾಳ್ಯದಲ್ಲಿ 2001ರಲ್ಲಿ ಶುರುವಾದ ಎಂ.ವಿ.ಜೆ., ಹಳೇ ಮದ್ರಾಸ್ ರಸ್ತೆಯತ್ತ ಇಳಿದರೆ ಬಿದರಹಳ್ಳಿಯಲ್ಲಿ ಈಸ್ಟ್ ಪಾಯಿಂಟ್, ತಾಲ್ಲೂಕು ಕೇಂದ್ರ ದೇವನಹಳ್ಳಿಯಲ್ಲಿ ಆಕಾಶ್. ಮೂರಕ್ಕೂ ತಮ್ಮದೇ ಆಸ್ಪತ್ರೆಗಳಿವೆ. ಆದರೂ ಸುಟ್ಟಗಾಯವೆಂದರೆ, ಕಣ್ಣಿಗೆ ಏನಾದರೂ ತಾಗಿತೆಂದರೆ, ಕೈಯಲ್ಲಿ ಕಾಸಿಲ್ಲದ ಮನೆಯಲ್ಲಿ ಹೆರಿಗೆ ಕಷ್ಟವಾಯಿತೆಂದರೆ, ಮೂವತ್ತು ಕಿಲೋಮೀಟರ್ ಆಸುಪಾಸಿನ ದಾರಿ ಹಿಡಿದು ಬೆಂಗಳೂರಿನ ಕೆ.ಆರ್. ಮಾರ್ಕೆಟ್ ಪಕ್ಕದ ವಿಕ್ಟೋರಿಯಾ ಆಸ್ಪತ್ರೆಯ ಆವರಣಕ್ಕೇ ಹೋಗುವವರಿದ್ದಾರೆ.

ಆ ಆಸ್ಪತ್ರೆಯ ಕಟ್ಟಡಕ್ಕೆ ಅಡಿಗಲ್ಲು ಬಿದ್ದದ್ದು 1897ರ ಜೂನ್ 22ರಂದು. ವಿಕ್ಟೋರಿಯಾ ರಾಣಿಯ ಆಳ್ವಿಕೆಗೆ ಅರವತ್ತು ತುಂಬಿದ ಸಂಭ್ರಮದ ದಿನವದು. ಹೆಸರು ಬಂದದ್ದೂ ಅದರಿಂದಲೇ. ಕಲ್ಲು ಇಟ್ಟವರು ಮಾತ್ರ ನಮ್ಮ ಮಹಾರಾಣಿ, ವಾಣಿವಿಲಾಸ ಸನ್ನಿಧಾನ ಕೆಂಪನಂಜಮ್ಮಣ್ಣಿಯವರು. ಪತಿ ಚಾಮರಾಜೇಂದ್ರ ಒಡೆಯರು 1894ರಲ್ಲಿ ತೀರಿಕೊಂಡ ಮೇಲೆ, ಮಗ ನಾಲ್ವಡಿ ಕೃಷ್ಣರಾಜರು ಇನ್ನೂ ಬಾಲಕರಾಗಿದ್ದುದರಿಂದ, ರಾಜ್ಯಭಾರ ಅವರ ಹೆಗಲಿಗೆ ಬಂದಿತ್ತು. ಗೋಡೆಗಳು ಏಳುತ್ತಿದ್ದಾಗಲೇ, 1898ರಲ್ಲಿ, ಬೆಂಗಳೂರಿಗೆ ಪ್ಲೇಗು ಬಡಿಯಿತು. ಇಕ್ಕಟ್ಟಾದ ಪೇಟೆಯ ಬೀದಿಗಳಿಂದ ಜನ ಊರಾಚೆಗೆ ಓಡಿದರು. ದೊಡ್ಡದೊಂದು ಆಸ್ಪತ್ರೆ ಯಾಕೆ ಬೇಕು ಎಂದು ಆಮೇಲೆ ಯಾರಿಗೂ ವಿವರಿಸಬೇಕಾಗಿರಲಿಲ್ಲ. 1900ರ ಡಿಸೆಂಬರ್ 8ರಂದು ವೈಸರಾಯ್ ಲಾರ್ಡ್ ಕರ್ಜನ್ ಬಾಗಿಲು ತೆರೆದಾಗ ಒಳಗೆ 140 ಹಾಸಿಗೆಗಳಿದ್ದವು.

ವಿದ್ಯಾರ್ಥಿಗಳು ಬಂದದ್ದು ನಿಧಾನಕ್ಕೆ. 1924ರಲ್ಲಿ ಮೈಸೂರು ಸಂಸ್ಥಾನದ ಮೆಡಿಕಲ್ ಕಾಲೇಜು ಹುಟ್ಟಿದ್ದು ಬೆಂಗಳೂರಿನಲ್ಲೇ. ಆದರೆ 1930ರಲ್ಲಿ ಅದು ಮೈಸೂರಿಗೆ ಹೊರಟುಹೋಯಿತು. ಬೆಂಗಳೂರಿಗೆ ಅಂತ ಒಂದು ಕಾಲೇಜು ಬೇಕೆಂದು ಕೆಲವು ವೈದ್ಯರೇ ಮುಂದೆ ನಿಂತು 1955ರಲ್ಲಿ ಬೆಂಗಳೂರು ಮೆಡಿಕಲ್ ಕಾಲೇಜು ಆರಂಭಿಸಿದರು. ಸ್ವಲ್ಪದರಲ್ಲೇ ಸರ್ಕಾರ ಅದನ್ನು ವಹಿಸಿಕೊಂಡಿತು. ಅದರ ಪಾಠದ ಆಸ್ಪತ್ರೆ ವಿಕ್ಟೋರಿಯಾ. ಅಂದರೆ ಇಲ್ಲಿ ರೋಗಿ ಮೊದಲು, ಪಾಠ ಆಮೇಲೆ. ಹೊರವಲಯದ ಹೊಸ ಕಾಲೇಜುಗಳಲ್ಲಿ ಲೆಕ್ಕ ತಿರುಗುಮುರುಗು. ಸೀಟು ಉಳಿಯಬೇಕಾದರೆ ಹಾಸಿಗೆ ತುಂಬಿರಬೇಕು, ಹಾಸಿಗೆ ತುಂಬಲು ಹಳ್ಳಿಯವರು ಬರಬೇಕು. ಉಚಿತ ತಪಾಸಣಾ ಶಿಬಿರದ ಬ್ಯಾನರುಗಳ ಹಿಂದೆ ಸೇವೆಯೂ ಇದೆ, ಈ ಲೆಕ್ಕವೂ ಇದೆ. ಅದರಿಂದ ಹಳ್ಳಿಗೆ ನಷ್ಟವೇನೂ ಇಲ್ಲ ಅನ್ನಿ.

ವಿಕ್ಟೋರಿಯಾ ಆವರಣ ಆಸ್ಪತ್ರೆಗಳದೇ ಒಂದು ಪೇಟೆ. ಹೆರಿಗೆಗೆ ಮತ್ತು ಮಕ್ಕಳಿಗೆ 1935ರ ವಾಣಿವಿಲಾಸ. ಪಕ್ಕದಲ್ಲೇ ಮಿಂಟೋ ಕಣ್ಣಾಸ್ಪತ್ರೆ. 1896ರಲ್ಲಿ ಸಣ್ಣದಾಗಿ ಶುರುವಾಗಿ 1913ರಲ್ಲಿ ಈಗಿನ ಕಟ್ಟಡ ಸೇರಿತು. ದೀಪಾವಳಿ ಬಂತೆಂದರೆ ಅಲ್ಲಿ ರಾತ್ರಿಯಿಡೀ ದೀಪ ಆರುವುದಿಲ್ಲ: ಹೂಕುಂಡ, ಆಟಂಬಾಂಬು ಸಿಡಿದು ಕಣ್ಣಿಗೆ ಪೆಟ್ಟಾದ ಮಕ್ಕಳು ಬರುತ್ತಲೇ ಇರುತ್ತಾರೆ. ಪಟಾಕಿ ಹಚ್ಚಿದವರಷ್ಟೇ ಅಲ್ಲ, ಸುಮ್ಮನೆ ನೋಡುತ್ತ ನಿಂತವರೂ ಇರುತ್ತಾರೆ. ಇದೇ ಮಿಂಟೋದಲ್ಲಿ 2019ರ ಜುಲೈನಲ್ಲಿ ಪೊರೆ ತೆಗೆಸಿಕೊಂಡ ಹಲವರ ದೃಷ್ಟಿಗೆ ಹಾನಿಯಾದದ್ದನ್ನೂ ಮರೆಯುವಂತಿಲ್ಲ. ಸುಟ್ಟಗಾಯದ ಮಹಾಬೋಧಿ ವಾರ್ಡು, ಅಪಘಾತದವರಿಗೆ ಟ್ರಾಮಾ ಕೇಂದ್ರ, ಮೂತ್ರಪಿಂಡದ ಸಂಸ್ಥೆ, ಸೂಪರ್ ಸ್ಪೆಷಾಲಿಟಿ ಆಸ್ಪತ್ರೆ ಎಲ್ಲವೂ ಇದೇ ಕಾಂಪೌಂಡಿನಲ್ಲಿ. 2020ರಲ್ಲಿ ಕೋವಿಡ್ ಬಂದಾಗ ಸರ್ಕಾರ ಮೊದಲು ಮೀಸಲಿಟ್ಟ ಆಸ್ಪತ್ರೆಗಳಲ್ಲಿ ವಿಕ್ಟೋರಿಯಾವೂ ಒಂದು. ರಾಜ್ಯದಲ್ಲಿ ಪ್ಲಾಸ್ಮಾ ಚಿಕಿತ್ಸೆಯ ಪ್ರಯೋಗಕ್ಕೆ ಆ ಏಪ್ರಿಲ್‌ನಲ್ಲಿ ಚಾಲನೆ ಸಿಕ್ಕಿದ್ದು ಇಲ್ಲಿಯೇ.

ಬೋಧನಾ ಆಸ್ಪತ್ರೆಗೆ ಮೊದಲ ಸಲ ಹೋದವರಿಗೆ ಒಂದು ಗೊಂದಲ. ಹೌಸ್ ಸರ್ಜನ್ ಬಂದು ಕೇಳಿದ್ದನ್ನೇ ಪಿ.ಜಿ. ಬಂದು ಕೇಳುತ್ತಾರೆ, ಬೆಳಗಿನ ರೌಂಡ್ಸಿನಲ್ಲಿ ಪ್ರೊಫೆಸರ್ ಬಂದಾಗ ಮತ್ತೆ ಅದೇ ಪ್ರಶ್ನೆ, ಸುತ್ತ ಬಿಳಿ ಕೋಟಿನ ಹುಡುಗರ ಗುಂಪು. ನೋವಿನಲ್ಲಿರುವವರಿಗೆ ಇದು ಕಿರಿಕಿರಿಯೇ. ಆದರೆ ಒಬ್ಬರು ಬಿಟ್ಟದ್ದು ಇನ್ನೊಬ್ಬರ ಕಣ್ಣಿಗೆ ಬೀಳುವುದೂ ಹಾಗೆಯೇ. ದುಡ್ಡು ಕೊಟ್ಟು ಹೋಗುವ ಕ್ಲಿನಿಕ್ಕಿನಲ್ಲಿ ಇಷ್ಟು ಜನ ಒಂದೇ ಕೇಸ್ ಶೀಟನ್ನು ಓದುವುದಿಲ್ಲ.

ಪಾಠ ಈಗ ಹಳ್ಳಿಯ ಜಗಲಿಗೂ ಬಂದಿದೆ. 2022ರಿಂದ ಎಂ.ಬಿ.ಬಿ.ಎಸ್. ವಿದ್ಯಾರ್ಥಿಗಳು ಕೆಲವು ಹಳ್ಳಿ ಕುಟುಂಬಗಳನ್ನು ದತ್ತು ತೆಗೆದುಕೊಂಡು, ಕಾಲಕಾಲಕ್ಕೆ ಮನೆಗೆ ಹೋಗಿ ಬಿ.ಪಿ., ಸಕ್ಕರೆ, ರಕ್ತಹೀನತೆ ನೋಡಬೇಕೆಂಬ ನಿಯಮವಿದೆ. ಓದು ಮುಗಿಸಿದವರಿಗೆ ಗ್ರಾಮೀಣ ಸೇವೆಯನ್ನು ಕಡ್ಡಾಯಗೊಳಿಸಿದ ರಾಜ್ಯ ಕಾಯ್ದೆ 2012ರದು.

ದಾರಿಯೂ ಮೊದಲಿನಷ್ಟು ಕಷ್ಟವಿಲ್ಲ. ಬೂದಿಗೆರೆ ಕ್ರಾಸಿನಿಂದ ಕೆ.ಆರ್. ಪುರ ತಲುಪಿದರೆ ನೇರಳೆ ಮಾರ್ಗದ ಮೆಟ್ರೊ. ಮೆಜೆಸ್ಟಿಕ್‌ನಲ್ಲಿ ಹಸಿರು ಮಾರ್ಗಕ್ಕೆ ಬದಲಾಯಿಸಿ ಕೆ.ಆರ್. ಮಾರ್ಕೆಟ್ ನಿಲ್ದಾಣದಲ್ಲಿ ಇಳಿದು ಮೇಲೆ ಬಂದರೆ ಆಸ್ಪತ್ರೆಯ ಆವರಣ ಹತ್ತಿರವೇ. ಕ್ರಾಸಿನವರೆಗಿನ ದಾರಿ ಮಾತ್ರ ಇನ್ನೂ ಪ್ರಯಾಸದ್ದು: ವೈಟ್‌ಫೀಲ್ಡ್ ಕಡೆಯಿಂದ ವಿಮಾನ ನಿಲ್ದಾಣಕ್ಕೆ ಒಳದಾರಿ ಹಿಡಿಯುವ ಕಾರುಗಳು, ಲಾರಿಗಳು ಎಲ್ಲವೂ ಆ ರಸ್ತೆಯನ್ನೇ ನೆಚ್ಚಿಕೊಂಡಿವೆ, ಆಂಬುಲೆನ್ಸ್ ಕೂಡ ಅವುಗಳ ನಡುವೆಯೇ ಸಾಗಬೇಕು.